ಪ್ರಶ್ನೋತ್ತರ: ಹಳೆಯ ಚಾಚಾ ಚೌಧರಿ, ಬಾಂಕೇಲಾಲ್ ಕಾಮಿಕ್ಸ್ ಟ್ಯಾಬ್‌ನಲ್ಲಿ ಓದೋದು ಹೇಗೆ?

ಪ್ರಶ್ನೆ: ಸರ್, ಮನೆಯಲ್ಲಿ ಹಳೆಯ ಹಿಂದಿ ಡೈಮಂಡ್ ಕಾಮಿಕ್ಸ್, ರಾಜ್ ಕಾಮಿಕ್ಸ್ ಒಂದು ಪೆಟ್ಟಿಗೆ ತುಂಬ ಇವೆ. ಮೊಬೈಲ್‌ನಲ್ಲಿ ಫೋಟೋ ತೆಗೆದರೆ ಬಣ್ಣದ ಮೇಲೆ ಅಲೆ ಅಲೆಯಾಗಿ ಗೆರೆ ಬರುತ್ತೆ, ಹಿಂದಿನ ಪುಟದ ಅಕ್ಷರವೂ ಕಾಣುತ್ತೆ. ಏನು ಮಾಡಲಿ?

ಉತ್ತರ (ಪುಸ್ತಕ ಸ್ಕ್ಯಾನಿಂಗ್ ವೃತ್ತಿಯವರು): ಆ ಕಾಲದ ಬಣ್ಣವೆಲ್ಲ ಸಣ್ಣ ಚುಕ್ಕೆಗಳ ಮುದ್ರಣ. ಚುಕ್ಕೆಗಳ ಸಾಲೂ ಕ್ಯಾಮೆರಾದ ಪಿಕ್ಸೆಲ್ ಸಾಲೂ ಒಂದಕ್ಕೊಂದು ಹೊಂದದಿದ್ದಾಗ ಅಲೆ ಮೂಡುತ್ತೆ. ಫೋನ್ ಬಿಟ್ಟು ಫ್ಲ್ಯಾಟ್‌ಬೆಡ್ ಸ್ಕ್ಯಾನರ್ ಬಳಸಿ. 600 ಡಿಪಿಐನಲ್ಲಿ (ಇಂಚಿಗೆ 600 ಪಿಕ್ಸೆಲ್) ಸ್ಕ್ಯಾನ್ ಮಾಡಿ, ಫೋಟೋ ಎಡಿಟರ್‌ನಲ್ಲಿ 1.5ರಿಂದ 2 ಪಿಕ್ಸೆಲ್‌ನಷ್ಟು ಗಾಸಿಯನ್ ಬ್ಲರ್ (ಚಿತ್ರ ನಸು ಮಸುಕು ಮಾಡುವ ಆಯ್ಕೆ) ಕೊಟ್ಟು, ಆಮೇಲೆ ಚಿತ್ರದ ಅಳತೆ ಅರ್ಧಕ್ಕೆ ಇಳಿಸಿ. ಸ್ಕ್ಯಾನರ್‌ನಲ್ಲೇ ಈ ಅಲೆ ತೆಗೆಯುವ ಡಿಸ್ಕ್ರೀನ್ ಆಯ್ಕೆ ಇರುತ್ತೆ, ಆದರೆ ಎಷ್ಟೋ ಸಲ ಅದು ಮಾತ್ರೆ, ಅನುಸ್ವಾರಗಳನ್ನೂ ಮಸುಕು ಮಾಡುತ್ತೆ. ಒಂದು ಪುಟ ಎರಡೂ ರೀತಿ ಮಾಡಿ ಹೋಲಿಸಿ ನೋಡಿ.

ಹಿಂಬದಿಯ ಅಕ್ಷರ ಕಾಣೋದಕ್ಕೆ ಪುಟದ ಬೆನ್ನಿಗೆ ಮ್ಯಾಟ್ ಕಪ್ಪು ಕಾಗದ ಇಟ್ಟರೆ ಸಾಕು. ಸ್ಕ್ಯಾನರ್ ಮುಚ್ಚಳದ ಬಿಳಿ ಬಣ್ಣವೇ ಆ ಅಕ್ಷರವನ್ನು ಎತ್ತಿ ತೋರಿಸೋದು.

ಪಿನ್ ತೆಗೆಯೋದಾದರೆ ಹಾಳೆ ಎಳೆಯಬೇಡಿ. ನಡುಪುಟ ತೆರೆದು, ಪಿನ್ನಿನ ಮಡಿಚಿದ ಕಾಲುಗಳನ್ನು ಚಪ್ಪಟೆ ಚಾಕುವಿನಿಂದ ನೆಟ್ಟಗೆ ಮಾಡಿ, ಬೆನ್ನಿನ ಕಡೆಯಿಂದ ಹೊರಗೆ ತೆಗೆಯಿರಿ. ತುಕ್ಕು ಹಿಡಿದಿದ್ದರೆ ಮುಟ್ಟದೆ ಬಿಡೋದೇ ಒಳ್ಳೆಯದು, ಕಾಗದ ಅಲ್ಲೇ ಹರಿಯುತ್ತೆ. ಬಿಚ್ಚಿದ ಮೇಲೆ ಪುಟಗಳು ಅದಲುಬದಲಾಗೋದು ಸಾಮಾನ್ಯ. ರಕ್ಷಾಪುಟ ಬಿಟ್ಟು 32 ಪುಟದ ಪುಸ್ತಕವಾದರೆ, ಹಾಳೆಯ ಒಂದು ಮುಖದ ಎರಡು ಪುಟಸಂಖ್ಯೆ ಕೂಡಿದರೆ ಯಾವಾಗಲೂ 33 ಬರಬೇಕು: 32 ಮತ್ತು 1, 2 ಮತ್ತು 31, ಹೀಗೆ. ಬಾರದಿದ್ದರೆ ಹಾಳೆ ತಪ್ಪಿದೆ.

ಪ್ರಶ್ನೆ: ಹಳದಿಯಾದ ಕಾಗದವನ್ನು ಪೂರ್ತಿ ಬೆಳ್ಳಗೆ ಮಾಡಬಹುದಾ ಸರ್?

ಉತ್ತರ: ದಯವಿಟ್ಟು ಬೇಡ. ಮುಖದ ಬಣ್ಣ ಬಂದಿರೋದೇ ತೆಳು ಹಳದಿ, ಗುಲಾಬಿ ಚುಕ್ಕೆಗಳಿಂದ. ಫೋಟೋ ಎಡಿಟರ್‌ನ ಲೆವೆಲ್ಸ್‌ನಲ್ಲಿ (ಕಪ್ಪು-ಬಿಳುಪು ಹೊಂದಿಸುವ ಆಯ್ಕೆ) ಬಿಳಿಯನ್ನು ಕೊನೆವರೆಗೂ ಎಳೆದರೆ ಚಾಚಾಜಿಯ ಕೆಂಪು ಪೇಟ ಉಳಿಯುತ್ತೆ, ಕೆಳಗಿನ ಮುಖ ಸುಣ್ಣ ಬಳಿದ ಹಾಗಾಗುತ್ತೆ. ಮಾತಿನ ಬಲೂನಿನ ಒಳಗೆ ನಸು ಕೆನೆಬಣ್ಣ ಉಳಿದಿರುವಾಗಲೇ ನಿಲ್ಲಿಸಿ.

ಪ್ರಶ್ನೆ: ಆ್ಯಪ್‌ನಲ್ಲಿ 1 ಆದ ಮೇಲೆ 10ನೇ ಪುಟ ಬರ್ತಿದೆ.

ಉತ್ತರ: ಫೈಲ್ ಹೆಸರಿನ ಮುಂದೆ ಸೊನ್ನೆ ಸೇರಿಸಿ: 001, 002. ಅಗಲ 1600 ಪಿಕ್ಸೆಲ್, ಜೆಪೆಗ್ ಗುಣಮಟ್ಟ 85 ಸಾಕು. ಎಲ್ಲವನ್ನೂ ಜಿಪ್ ಮಾಡಿ, ಫೈಲ್ ಹೆಸರಿನ ಕೊನೆಯ ಜಿಪ್ (.zip) ಅನ್ನೋದನ್ನು ಸಿಬಿಜೆಡ್ (.cbz, ಕಾಮಿಕ್ಸ್ ಫೈಲಿನ ಗುರುತು) ಅಂತ ಬದಲಿಸಿ. ಪರ್ಫೆಕ್ಟ್ ವ್ಯೂವರ್, ಯಾಕ್‌ರೀಡರ್ ಎಂಬ ಕಾಮಿಕ್ಸ್ ಓದುವ ಆ್ಯಪ್ ಎರಡರಲ್ಲೂ ತೆರೆಯುತ್ತೆ. ವಾಟ್ಸಾಪ್‌ನಲ್ಲಿ ನಿಮಗೇ ಕಳಿಸಿಕೊಳ್ಳೋದಾದರೆ ಫೋಟೋ ಆಗಿ ಅಲ್ಲ, ಡಾಕ್ಯುಮೆಂಟ್ ಆಗಿ ಕಳಿಸಿ.

ಪ್ರಶ್ನೆ (ಇನ್ನೊಬ್ಬರು): ಫೋನಿನಲ್ಲೇ ಒಂದೊಂದು ಚೌಕ ದೊಡ್ಡದು ಮಾಡಿ ಓದಿದರೆ ಆಗಲ್ವಾ?

ಉತ್ತರ: ವ್ಯಂಗ್ಯಚಿತ್ರಕಾರ ಪ್ರಾಣ್ ಅವರ ಚಾಚಾ ಚೌಧರಿ, ಬಿಲ್ಲೂ, ಪಿಂಕಿಗೆ ಆಗುತ್ತೆ ಮೇಡಂ. ಹಿನ್ನೆಲೆ ಸರಳ, ಕಥೆ ಕೆಲವೇ ಪುಟ, ನಗು ಹೆಚ್ಚಾಗಿ ಕೊನೆಯ ಚೌಕದಲ್ಲಿ. ಅದು ಮೊದಲೇ ಕಣ್ಣಿಗೆ ಬೀಳದಿರೋದು ಲಾಭವೇ. ಬಾಂಕೇಲಾಲ್‌ಗೆ ಒಗ್ಗಲ್ಲ. ಅಲ್ಲಿ ಬಲೂನುಗಳು ಮಾತಿನಿಂದ ತುಂಬಿರುತ್ತವೆ. ರಾಜ ವಿಕ್ರಮಸಿಂಹನನ್ನು ಮುಗಿಸೋಕೆ ಬಾಂಕೇಲಾಲ್ ಹೂಡೋ ಸಂಚು ತಿರುಗಿಬಿದ್ದು ರಾಜನಿಗೇ ಒಳ್ಳೆಯದಾಗುವ ಮಜಾ ಇಡೀ ಪುಟ ಒಟ್ಟಿಗೆ ಕಂಡಾಗಲೇ. 10 ಇಂಚಿನ ಟ್ಯಾಬ್‌ನಲ್ಲಿ ಓದಿ. ಕೈಬರಹದ ದೇವನಾಗರಿಯಾದ್ದರಿಂದ ಅನುವಾದದ ಆ್ಯಪ್ ನಂಬಬೇಡಿ, ಅಕ್ಷರವನ್ನೇ ತಪ್ಪಾಗಿ ಓದುತ್ತೆ.

ಪ್ರಶ್ನೆ: ಈಗ ಅಚ್ಚಿನಲ್ಲಿಲ್ಲದ ಪುಸ್ತಕದ ಫೈಲ್ ಗುಂಪಿಗೆ ಹಾಕಬಹುದಾ?

ಉತ್ತರ: ಹಾಕುವಂತಿಲ್ಲ. ಅಚ್ಚು ನಿಂತರೂ ಹಕ್ಕು ಹೋಗಲ್ಲ. ನಮ್ಮಲ್ಲಿ ಕರ್ತೃ ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಹಕ್ಕುಸ್ವಾಮ್ಯ ಇರುತ್ತೆ. ಪ್ರಾಣ್ ತೀರಿಕೊಂಡದ್ದು 2014ರಲ್ಲಿ, ಹಾಗಾಗಿ ಅವರ ಕೃತಿಗಳಿಗೆ 2074ರ ಕೊನೆವರೆಗೆ. ನಿಮ್ಮ ಪ್ರತಿಯನ್ನು ನಿಮ್ಮ ಓದಿಗೆ ಸ್ಕ್ಯಾನ್ ಮಾಡಿಟ್ಟುಕೊಳ್ಳಿ. ಪ್ರಕಾಶಕರೇ ಮಾರುವ ಇ-ಪುಸ್ತಕ ಸಿಕ್ಕರೆ ಅದನ್ನೇ ಕೊಳ್ಳಿ, ಇಷ್ಟೆಲ್ಲ ಕೆಲಸವೂ ತಪ್ಪುತ್ತೆ.