ಓದುಗರ ಸ್ಪಂದನ: ಮೂರನೆಯ ಗೋಲ್‌ಕೀಪರ್ ಆಗಿ ಎಷ್ಟು ಕಾಲ ಕಾಯಲಿ?

ಕಳೆದ ಸಂಚಿಕೆಯ ಸಮಸ್ಯೆ: ವೃತ್ತಿಪರ ಫುಟ್‌ಬಾಲ್ ಕ್ಲಬ್ ಒಂದರಲ್ಲಿ ಮೂರನೆಯ ಗೋಲ್‌ಕೀಪರ್ ಆಗಿರುವ 22 ವರ್ಷದ ಓದುಗರೊಬ್ಬರು ತಮ್ಮ ಅಳಲು ತೋಡಿಕೊಂಡಿದ್ದರು. ಎರಡು ಋತುಗಳಿಂದ ಅವರಿಗೆ ಅಭ್ಯಾಸವೇ ಹೊರತು ಪಂದ್ಯವಿಲ್ಲ. ಆಡಲು ಸಿಕ್ಕ ಒಂದೇ ಪಂದ್ಯದಲ್ಲಿ ಮೈದಾನದ ಅಂಚಿನಿಂದ ಗೋಲಿನ ಮುಂದಕ್ಕೆ ಕ್ರಾಸ್ ಆಗಿ ಬಂದ ಚೆಂಡು ಕೈಜಾರಿ ಗೋಲಾಯಿತು, ತಂಡ ಸೋತಿತು. ಅಂದಿನಿಂದ ನಿದ್ದೆ ಕೆಟ್ಟಿದೆ. ಬೆರಳಿನ ನೋವನ್ನು ಟೇಪ್ ಸುತ್ತಿ ಮುಚ್ಚಿಟ್ಟಿದ್ದಾರೆ. ಕೆಳಗಿನ ಡಿವಿಷನ್‌ನ ಕ್ಲಬ್ ಒಂದು ಲೋನ್ ಮೇಲೆ, ಅಂದರೆ ಈಗಿನ ಕ್ಲಬ್‌ನ ಒಪ್ಪಂದ ಉಳಿಸಿಕೊಂಡೇ ಸ್ವಲ್ಪ ಕಾಲ ಎರವಲಾಗಿ ಬಂದು ಆಡಲು, ಕರೆದಿದೆ. ಈಗಿನ ಒಪ್ಪಂದ ಮುಂದಿನ ಋತುವಿನ ಕೊನೆಗೆ ಮುಗಿಯುತ್ತದೆ. ಆಟ ಬಿಟ್ಟು ಓದು ಮುಂದುವರಿಸು ಎಂದು ಮನೆಯವರು ಒತ್ತಾಯಿಸುತ್ತಿದ್ದಾರೆ. ಇಲ್ಲೇ ಕಾಯಬೇಕೇ, ಲೋನ್ ಮೇಲೆ ಹೋಗಬೇಕೇ, ಆಟವನ್ನೇ ಬಿಡಬೇಕೇ ಎಂದು ಅವರು ಕೇಳಿದ್ದರು. ಬಂದ ಪತ್ರಗಳಲ್ಲಿ ಆಯ್ದ ಕೆಲವು ಇಲ್ಲಿವೆ.

ಲೋನ್ ಮೇಲೆ ಹೋಗಿ, ಆದರೆ ಕೇಳಿ ಹೋಗಿ

ಸೋದರರೇ, ನಿಮ್ಮ ಪತ್ರದಲ್ಲಿ ನನ್ನ ಗಮನ ಮೊದಲು ಹೋದದ್ದು ಕೈಜಾರಿದ ಚೆಂಡಿನ ಕಡೆಗಲ್ಲ, ಅದಕ್ಕೂ ಮೊದಲಿನ ಎರಡು ಋತುಗಳ ಕಡೆಗೆ. ಮೂರನೆಯ ಗೋಲ್‌ಕೀಪರ್‌ನ ದಿನಚರಿ ಹೇಗಿರುತ್ತದೆ ಎಂಬುದು ಹೊರಗಿನವರಿಗೆ ಅಷ್ಟಾಗಿ ತಿಳಿಯದು. ಬೆಳಗಿನ ಅಭ್ಯಾಸ ಮುಗಿದ ಮೇಲೆ ಫಾರ್ವರ್ಡ್ ಆಟಗಾರರು ಗೋಲಿಗೆ ಒದೆಯುವ ತಾಲೀಮು ಮಾಡಬೇಕಾದಾಗ ಎದುರಿಗೆ ನಿಲ್ಲುವವನು ಅವನೇ. ಗೋಲಿನ ಮುಂದಿನ ಪೆನಾಲ್ಟಿ ಪೆಟ್ಟಿಗೆಯ ಅಂಚಿನಿಂದ ಒಂದರ ಹಿಂದೊಂದು ಚೆಂಡು ಬರುತ್ತವೆ, ಅವನು ಹಾರುತ್ತಾನೆ, ಏಳುತ್ತಾನೆ, ಮತ್ತೆ ಹಾರುತ್ತಾನೆ. ಇದರಿಂದ ಕೈಯ ಚುರುಕು ಬೆಳೆಯುವುದು ನಿಜ. ಆದರೆ ಆರೇಳು ಜನರ ನೂಕುನುಗ್ಗಲಿನ ನಡುವೆ ಕಾರ್ನರ್ ಕಿಕ್ ಬಂದಾಗ ಮುಂದೆ ನುಗ್ಗಬೇಕೇ ಗೆರೆಯ ಮೇಲೇ ನಿಲ್ಲಬೇಕೇ ಎಂದು ಅರೆಕ್ಷಣದಲ್ಲಿ ತೀರ್ಮಾನಿಸುವುದು, ನುಗ್ಗುವುದಾದರೆ ‘ಕೀಪರ್’ ಎಂದು ಗಟ್ಟಿಯಾಗಿ ಕೂಗಿ ತನ್ನ ಡಿಫೆಂಡರ್‌ಗಳನ್ನು ದಾರಿಯಿಂದ ಸರಿಸುವುದು, ಫ್ರೀ ಕಿಕ್‌ಗೆ ಗೋಡೆ ಕಟ್ಟಿಸುವುದು, 80 ನಿಮಿಷ ಚೆಂಡೇ ಬಾರದೆ ನಿಂತಿದ್ದು 81ನೆಯ ನಿಮಿಷದಲ್ಲಿ ಎಚ್ಚರದಿಂದಿರುವುದು, ಇವೆಲ್ಲ ಪಂದ್ಯದಲ್ಲಲ್ಲದೆ ಬೇರೆಲ್ಲೂ ಕಲಿಯಲಾಗದ ವಿದ್ಯೆಗಳು. ಎರಡು ಋತು ಪಂದ್ಯವಿಲ್ಲದವನ ಕೈಯಿಂದ ಮೊದಲು ಜಾರುವುದು ಕ್ರಾಸ್ ಚೆಂಡೇ. ಅದು ನಿಮ್ಮ ಯೋಗ್ಯತೆಯ ಅಳತೆಯಲ್ಲ, ನಿಮಗೆ ಸಿಗದೇ ಹೋದ ಪಂದ್ಯಗಳ ಅಳತೆ.

ಆದ್ದರಿಂದ ಹೋಗಿ ಎನ್ನುತ್ತೇನೆ. ಆದರೆ ಲೋನ್ ಎಂಬ ಹೆಸರಿಗೆ ಮರುಳಾಗಬೇಡಿ. ಅರ್ಜೆಂಟೀನಾದ ಎಮಿಲಿಯಾನೊ ಮಾರ್ಟಿನೆಜ್ 2010ರಲ್ಲಿ ಹದಿಹರೆಯದಲ್ಲೇ ಇಂಗ್ಲೆಂಡ್‌ನ ಆರ್ಸೆನಲ್ ಕ್ಲಬ್ ಸೇರಿದವರು. ಮುಂದಿನ ಒಂದು ದಶಕ ಅವರು ಆಕ್ಸ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ, ರಾಥರಮ್, ವುಲ್ವ್ಸ್, ಗೆಟಾಫೆ, ರೆಡಿಂಗ್ ಎಂದು ಲೋನ್ ಮೇಲೆ ಊರೂರು ಅಲೆದರು. ಗೆಟಾಫೆಯಲ್ಲಿ ಅವರಿಗೆ ಪಂದ್ಯಗಳೇ ಹೆಚ್ಚು ಸಿಗಲಿಲ್ಲ, ಅಲ್ಲೂ ಕಾದದ್ದೇ ಬಂತು. ರೆಡಿಂಗ್‌ನಲ್ಲಿ ಸತತವಾಗಿ ಆಡಿದರು. 2020ರಲ್ಲಿ ಆರ್ಸೆನಲ್‌ನ ಮೊದಲ ಗೋಲ್‌ಕೀಪರ್ ಬೆರ್ಂಡ್ ಲೆನೊ ಗಾಯಗೊಂಡಾಗ ಒಳಗೆ ಬಂದ ಮಾರ್ಟಿನೆಜ್ ಎಫ್‌ಎ ಕಪ್ ಗೆದ್ದರು, ಆ್ಯಸ್ಟನ್ ವಿಲ್ಲಾಕ್ಕೆ ಹೋದರು. ರಾಷ್ಟ್ರೀಯ ತಂಡಕ್ಕೆ ಮೊದಲ ಬಾರಿ ಆಡಿದ್ದು 2021ರಲ್ಲಿ, 28ರ ವಯಸ್ಸಿನಲ್ಲಿ. ಮರುವರ್ಷದ ವಿಶ್ವಕಪ್ ಫೈನಲ್‌ನ ಹೆಚ್ಚುವರಿ ಅವಧಿಯ ಕಡೆಯ ಗಳಿಗೆಯಲ್ಲಿ ಫ್ರಾನ್ಸ್‌ನ ಕೊಲೊ ಮುವಾನಿ ಒದ್ದ ಚೆಂಡನ್ನು ಎಡಗಾಲು ಚಾಚಿ ತಡೆದದ್ದನ್ನು ಜಗತ್ತೇ ನೋಡಿತು. ಅಂಥ ಅವಕಾಶ ಎಲ್ಲರಿಗೂ ಬರುತ್ತದೆ ಎಂದು ನಾನು ಹೇಳಲಾರೆ, ಬಹಳ ಜನಕ್ಕೆ ಬರುವುದಿಲ್ಲ. ನಾನು ಹೇಳುವುದಿಷ್ಟೇ: ಲೆನೊ ಗಾಯಗೊಂಡ ದಿನ ಮಾರ್ಟಿನೆಜ್ ಬೆಂಚ್ ಮೇಲೆ ಕಾದು ಕಾದು ತುಕ್ಕು ಹಿಡಿದವರಾಗಿರಲಿಲ್ಲ, ರೆಡಿಂಗ್‌ನ ಪಂದ್ಯಗಳು ಅವರ ಬೆನ್ನಿಗಿದ್ದವು.

ಹೊಸ ಕ್ಲಬ್‌ಗೆ ಮೂರು ಪ್ರಶ್ನೆಗಳನ್ನು ನೇರವಾಗಿ ಕೇಳಿ. ಮೊದಲ ಗೋಲ್‌ಕೀಪರ್ ಆಗಿ ಕರೆಯುತ್ತಿದ್ದಾರೆಯೇ, ಸ್ಪರ್ಧೆಗೆ ಇನ್ನೊಬ್ಬ ಬೇಕೆಂದು ಕರೆಯುತ್ತಿದ್ದಾರೆಯೇ? ಪ್ರತ್ಯೇಕ ಗೋಲ್‌ಕೀಪಿಂಗ್ ಕೋಚ್ ಇದ್ದಾರೆಯೇ? ಈಗಿರುವ ಗೋಲ್‌ಕೀಪರ್‌ನನ್ನು ಏಕೆ ಬದಲಿಸುತ್ತಿದ್ದಾರೆ? ಮೂರನೆಯದಕ್ಕೆ ಬರುವ ಉತ್ತರದಲ್ಲಿ ಆ ಕೋಚ್‌ನ ಸ್ವಭಾವ ತಿಳಿಯುತ್ತದೆ. ಒಂದು ಗೋಲು ಬಿಟ್ಟನೆಂದು ಅವನನ್ನು ಕೂರಿಸಿದವರು ನಿಮ್ಮನ್ನೂ ಹಾಗೇ ಕೂರಿಸುತ್ತಾರೆ.

ವಯಸ್ಸಿನ ವಿಷಯದಲ್ಲಿ ಮನೆಯವರ ಆತಂಕಕ್ಕೆ ಒಂದು ಮಾತು. ಫಾರ್ವರ್ಡ್ ಆಟಗಾರನ ಗಡಿಯಾರದಲ್ಲಿ ಗೋಲ್‌ಕೀಪರ್‌ನ ಆಯಸ್ಸು ಎಣಿಸಬಾರದು. ಡಿನೊ ಝೋಫ್ ಇಟಲಿಯ ನಾಯಕರಾಗಿ 1982ರ ವಿಶ್ವಕಪ್ ಎತ್ತಿದಾಗ ಅವರಿಗೆ 40 ವರ್ಷ. ಈಜಿಪ್ಟ್‌ನ ಎಸ್ಸಾಮ್ ಅಲ್ ಹದರಿ 2018ರ ವಿಶ್ವಕಪ್‌ನಲ್ಲಿ 45ನೆಯ ವಯಸ್ಸಿನಲ್ಲಿ ಆಡಿ ಸೌದಿ ಅರೇಬಿಯಾದ ಒಂದು ಪೆನಾಲ್ಟಿಯನ್ನೂ ತಡೆದರು. 17ಕ್ಕೇ ಪಾರ್ಮಾ ಕ್ಲಬ್‌ನ ಗೋಲಿನಲ್ಲಿ ನಿಂತ ಇಟಲಿಯ ಬುಫಾನ್‌ನಂಥವರು ಅಪರೂಪ. 22 ನಮ್ಮ ಕಸುಬಿನಲ್ಲಿ ಕಲಿಕೆಯ ವಯಸ್ಸು.

– ಗೋಲ್‌ಕೀಪಿಂಗ್ ಕೋಚ್ ಆಗಿರುವ ಮಾಜಿ ಆಟಗಾರರೊಬ್ಬರು

ಆ ಗೋಲು ಮತ್ತು ನಿಮ್ಮ ನಿದ್ದೆ

ನಿಮ್ಮ ಪತ್ರದ ಉದ್ದಕ್ಕೂ ಕ್ಲಬ್, ಒಪ್ಪಂದ, ಲೋನ್ ಎಂಬ ಮಾತುಗಳ ನಡುವೆ ‘ರಾತ್ರಿ ಕಣ್ಣು ಮುಚ್ಚಿದರೆ ಅದೇ ಚೆಂಡು ಬರುತ್ತದೆ’ ಎಂಬ ಒಂದು ಸಾಲನ್ನು ನೀವು ಅಡಗಿಸಿಟ್ಟಿದ್ದೀರಿ. ಆಪ್ತ ಸಲಹೆಗಾರ್ತಿಯಾಗಿ ನಾನು ಆ ಸಾಲಿಗೆ ಉತ್ತರಿಸುತ್ತೇನೆ.

ಗೋಲ್‌ಕೀಪರ್ ಮಾಡುವ ತಪ್ಪು ನೇರವಾಗಿ ಫಲಕದ ಮೇಲೆ ದಾಖಲಾಗುತ್ತದೆ, ಮಿಡ್‌ಫೀಲ್ಡರ್‌ನ ತಪ್ಪು ಪಾಸ್ ಮರುನಿಮಿಷಕ್ಕೆ ಯಾರಿಗೂ ನೆನಪಿರುವುದಿಲ್ಲ. ಈ ಅನ್ಯಾಯ ಈ ಸ್ಥಾನದ ಜೊತೆಗೇ ಬಂದದ್ದು. ಅದರ ಕ್ರೂರ ರೂಪವನ್ನು ಬ್ರೆಜಿಲ್‌ನ ಮೊಅಸಿರ್ ಬಾರ್ಬೊಜಾ ಅನುಭವಿಸಿದರು. 1950ರ ವಿಶ್ವಕಪ್‌ನ ನಿರ್ಣಾಯಕ ಪಂದ್ಯದಲ್ಲಿ ಉರುಗ್ವೆಯ ಗಿಜ್ಜಾ ಹೊಡೆದ ಗೋಲಿಗೆ ಅವರನ್ನೇ ಹೊಣೆ ಮಾಡಲಾಯಿತು. 2000ದಲ್ಲಿ ಕಣ್ಣು ಮುಚ್ಚುವವರೆಗೂ ಆ ದೂರು ಅವರನ್ನು ಬಿಡಲಿಲ್ಲ. ಅಂದು ಮೈದಾನದಲ್ಲಿ ಹನ್ನೊಂದು ಜನರಿದ್ದರು, ಭಾರ ಹೊತ್ತವರು ಒಬ್ಬರು. ಜನರ ತೀರ್ಪನ್ನು ತಮ್ಮದೇ ತೀರ್ಪೆಂದು ಒಪ್ಪಿಕೊಳ್ಳುವ ಮುನ್ನ ಈ ಮನುಷ್ಯನನ್ನು ನೆನೆಯಿರಿ.

ಇನ್ನೊಂದು ಬಗೆಯ ಕಥೆಯೂ ಇದೆ. ಗೋಲ್‌ಕೀಪರ್‌ಗಳಲ್ಲಿ ವರ್ಷದ ಅತ್ಯುತ್ತಮ ಆಟಗಾರನಿಗೆ ಸಲ್ಲುವ ಬ್ಯಾಲನ್ ಡಿ'ಓರ್ ಪ್ರಶಸ್ತಿ ಪಡೆದ ಏಕೈಕ ವ್ಯಕ್ತಿಯಾದ ಲೆವ್ ಯಾಶಿನ್ ತಮ್ಮ ಆರಂಭದ ದಿನಗಳ ಪಂದ್ಯವೊಂದರಲ್ಲಿ, ಎದುರಾಳಿ ಗೋಲ್‌ಕೀಪರ್ ದೂರದಿಂದ ಒದ್ದ ಚೆಂಡನ್ನೇ ಒಳಗೆ ಬಿಟ್ಟುಕೊಟ್ಟಿದ್ದರು. ಡೈನಮೊ ಮಾಸ್ಕೊದಲ್ಲಿ ಅಲೆಕ್ಸಿ ಖೋಮಿಚ್ ಮೊದಲ ಗೋಲ್‌ಕೀಪರ್ ಆಗಿದ್ದ ಆ ಕಾಲದಲ್ಲಿ ಯಾಶಿನ್ ಅವಕಾಶಕ್ಕಾಗಿ ಕಾದರು, ಐಸ್ ಹಾಕಿಯಲ್ಲೂ ಗೋಲು ಕಾದರು, ಮತ್ತೆ ಬಂದರು. ಜರ್ಮನಿಯ ಒಲಿವರ್ ಕಾನ್ 2002ರ ವಿಶ್ವಕಪ್‌ನಲ್ಲಿ ಫೈನಲ್‌ವರೆಗೆ ಒಂದೇ ಒಂದು ಗೋಲು ಬಿಟ್ಟವರು. ಫೈನಲ್‌ನಲ್ಲಿ ಬ್ರೆಜಿಲ್‌ನ ರಿವಾಲ್ಡೊ ಒದ್ದ ಚೆಂಡು ಅವರ ಎದೆಯಿಂದ ಪುಟಿಯಿತು, ರೊನಾಲ್ಡೊ ಅದನ್ನು ಗೋಲು ಮಾಡಿದರು. ಅದಾದ ಮೇಲೂ ಆರು ವರ್ಷ ಅವರು ಬಯರ್ನ್ ಮ್ಯೂನಿಕ್‌ಗೆ ಆಡಿದರು. ನನಗೆ ಇನ್ನೂ ಹೆಚ್ಚು ಹಿಡಿಸುವುದು 2006ರ ಕಾನ್. ಸ್ವದೇಶದ ವಿಶ್ವಕಪ್‌ನಲ್ಲಿ ಸ್ಥಾನ ಯೆನ್ಸ್ ಲೇಮನ್ ಪಾಲಾಗಿತ್ತು. ಅರ್ಜೆಂಟೀನಾ ವಿರುದ್ಧದ ಪೆನಾಲ್ಟಿ ಶೂಟೌಟ್‌ಗೆ ಮುನ್ನ ಕಾನ್ ತಾವಾಗಿಯೇ ಲೇಮನ್ ಬಳಿಗೆ ಹೋಗಿ ಕೈಕುಲುಕಿ ಹುರಿದುಂಬಿಸಿದರು. ಬೆಂಚ್ ಮೇಲೆ ಕೂರುವುದರಲ್ಲೂ ಒಂದು ಘನತೆಯಿದೆ ಎಂಬುದನ್ನು ನೀವೂ ನಿಮ್ಮ ಮನೆಯವರೂ ಅರಿಯಬೇಕು.

ಆದರೆ ನಿದ್ದೆ ಕೆಟ್ಟಿರುವುದನ್ನು ಧೈರ್ಯದ ಕಥೆಗಳಿಂದ ಸರಿಪಡಿಸಲು ಹೋಗಬೇಡಿ. ಜರ್ಮನಿಯ ರಾಷ್ಟ್ರೀಯ ತಂಡದ ಗೋಲ್‌ಕೀಪರ್ ರಾಬರ್ಟ್ ಎನ್ಕೆ ತಮ್ಮ ಖಿನ್ನತೆಯನ್ನು ಹೊರಗಿನವರಿಂದ ವರ್ಷಗಟ್ಟಲೆ ಮುಚ್ಚಿಟ್ಟಿದ್ದರು, 2009ರಲ್ಲಿ ನಾವು ಅವರನ್ನು ಕಳೆದುಕೊಂಡೆವು. ಬುಫಾನ್ ತಾವು ಖಿನ್ನತೆಗೆ ಒಳಗಾಗಿದ್ದುದನ್ನು ಬಾಯಿಬಿಟ್ಟು ಹೇಳಿದರು, ನೆರವು ಪಡೆದರು, 45ರವರೆಗೆ ಆಡಿದರು. ಎಲ್ಲರಿಗೂ ಒಂದೇ ಔಷಧ ಒಪ್ಪುವುದಿಲ್ಲವಾದರೂ ಹೇಳಿಕೊಳ್ಳುವುದು ಎಲ್ಲರಿಗೂ ಮೊದಲ ಹೆಜ್ಜೆ. ಲೋನ್‌ನ ತೀರ್ಮಾನಕ್ಕೆ ಮೊದಲೇ ಮನೋವೈದ್ಯರನ್ನೋ ಆಪ್ತ ಸಲಹೆಗಾರರನ್ನೋ ಕಾಣಿ. ಬದುಕೇ ಬೇಡವೆನಿಸುವ ಯೋಚನೆ ಒಮ್ಮೆ ಸುಳಿದರೂ ಅಂದೇ, ಆ ಕ್ಷಣವೇ, ಹತ್ತಿರದವರೊಬ್ಬರಿಗೆ ತಿಳಿಸಿ.

– ಆಪ್ತ ಸಲಹೆಗಾರ್ತಿ

ಟೇಪ್ ಬಿಚ್ಚಿ, ಬೆರಳು ತೋರಿಸಿ

ಬೆರಳಿನ ತುದಿಯ ಗೆಣ್ಣು ಬಾಗಿದ್ದು ತಾನಾಗಿ ನೆಟ್ಟಗಾಗುತ್ತಿಲ್ಲ ಎಂದು ಬರೆದಿದ್ದೀರಿ. ನೋಡದೆ ರೋಗ ಹೇಳುವುದು ವೈದ್ಯನಿಗೆ ಸಲ್ಲದು. ಆದರೂ ಚೆಂಡು ಬೆರಳ ತುದಿಗೆ ನೇರವಾಗಿ ಬಡಿದಾಗ ಅದನ್ನು ನೆಟ್ಟಗೆ ಹಿಡಿಯುವ ಸ್ನಾಯುರಜ್ಜು ಹರಿಯುವುದು ಗೋಲ್‌ಕೀಪರ್‌ಗಳಲ್ಲಿ ಕಾಣುವ ಗಾಯವೇ. ಬೇಗ ತೋರಿಸಿದರೆ ಬಹುಪಾಲು ಶಸ್ತ್ರಚಿಕಿತ್ಸೆಯಿಲ್ಲದೆ, ಸುಮಾರು ಆರರಿಂದ ಎಂಟು ವಾರ ಪಟ್ಟಿ ಕಟ್ಟಿ ಬೆರಳನ್ನು ನೆಟ್ಟಗೆ ಇಟ್ಟರೆ ವಾಸಿಯಾಗುತ್ತದೆ. ಒಂದೇ ಷರತ್ತು: ಅಷ್ಟೂ ದಿನ ಆ ಗೆಣ್ಣು ಒಮ್ಮೆಯೂ ಬಾಗಕೂಡದು. ಕೈ ತೊಳೆಯಲು ಪಟ್ಟಿ ಬಿಚ್ಚಿದಾಗ ಬೆರಳು ಜೋತುಬಿದ್ದರೂ ಎಣಿಕೆ ಮತ್ತೆ ಮೊದಲಿನಿಂದ. ನೀವು ಸುತ್ತುತ್ತಿರುವ ಟೇಪ್ ಈ ಕೆಲಸ ಮಾಡಲಾರದು.

ತಲೆಗೆ ಪೆಟ್ಟು ಬಿದ್ದರಂತೂ ಮುಚ್ಚಿಡುವ ಮಾತೇ ಬೇಡ. 2006ರ ಅಕ್ಟೋಬರ್‌ನಲ್ಲಿ ಚೆಲ್ಸಿ ಕ್ಲಬ್‌ನ ಗೋಲ್‌ಕೀಪರ್ ಪೆಟ್ರ್ ಚೆಕ್ ಅವರ ತಲೆಬುರುಡೆ ಬಿರುಕು ಬಿಟ್ಟಿತು. ಶಸ್ತ್ರಚಿಕಿತ್ಸೆಯ ನಂತರ ಮರುವರ್ಷದ ಜನವರಿಯಲ್ಲಿ ರಕ್ಷಾಕವಚ ತೊಟ್ಟು ಮರಳಿದ ಅವರು ನಿವೃತ್ತಿಯವರೆಗೂ ಅದನ್ನು ತೆಗೆಯಲಿಲ್ಲ. ಅಮೆರಿಕದ ಗೋಲ್‌ಕೀಪರ್ ಬ್ರಿಯಾನಾ ಸ್ಕರಿ ಅವರ ಆಟ 2010ರಲ್ಲಿ ತಲೆಗೆ ಬಿದ್ದ ಪೆಟ್ಟಿನಿಂದ ಕೊನೆಗೊಂಡಿತು, ಅದರ ಬಾಧೆಯನ್ನು ಅವರು ಮುಂದೆ ವರ್ಷಗಳ ಕಾಲ ಅನುಭವಿಸಿದರು.

– ಮೂಳೆ ತಜ್ಞರು

ಕಾಲಿನ ಕೆಲಸವನ್ನೂ ಕಲಿಯಿರಿ

ನಾನೂ ಗೋಲ್‌ಕೀಪರ್. ಕೋಚ್ ನಿಮ್ಮನ್ನು ಏಕೆ ಆಡಿಸುತ್ತಿಲ್ಲ ಎಂದು ನೀವು ಅವರನ್ನು ಕೇಳಿದ್ದೀರೋ ಇಲ್ಲವೋ ಪತ್ರದಲ್ಲಿ ಇಲ್ಲ. ದಯವಿಟ್ಟು ಕೇಳಿ. ‘ನನಗೇಕೆ ಅವಕಾಶವಿಲ್ಲ’ ಎಂದು ದೂರಿನ ದನಿಯಲ್ಲಿ ಕೇಳಿದರೆ ಸಮಾಧಾನದ ಮಾತು ಸಿಗುತ್ತದೆ. ‘ನನಗಿಂತ ಮುಂದಿರುವ ಇಬ್ಬರು ಯಾವ ಕೆಲಸವನ್ನು ನನಗಿಂತ ಚೆನ್ನಾಗಿ ಮಾಡುತ್ತಾರೆ’ ಎಂದು ಕೇಳಿದರೆ ಕಲಿಯಬೇಕಾದದ್ದರ ಪಟ್ಟಿ ಸಿಗುತ್ತದೆ. ಆ ಪಟ್ಟಿಯಲ್ಲಿ ಈಗಿನ ಕಾಲದಲ್ಲಿ ಕಾಲಿನ ಆಟ ಇಲ್ಲದಿರುವುದು ಅಪರೂಪ. ಜೊತೆಗಾರ ಬೇಕೆಂದೇ ಕಾಲಿನಿಂದ ಕೊಟ್ಟ ಬ್ಯಾಕ್‌ಪಾಸನ್ನು ಕೈಯಲ್ಲಿ ಹಿಡಿಯುವಂತಿಲ್ಲ ಎಂಬ ನಿಯಮ 1992ರಲ್ಲಿ ಬಂದಾಗಿನಿಂದ ನಮ್ಮ ಕೆಲಸ ಬದಲಾಗುತ್ತಲೇ ಇದೆ. 2025ರಿಂದ ಚೆಂಡನ್ನು ಕೈಯಲ್ಲಿ ಎಂಟು ಸೆಕೆಂಡಿಗಿಂತ ಹೆಚ್ಚು ಹಿಡಿದಿಟ್ಟರೆ ಎದುರಾಳಿಗೆ ಕಾರ್ನರ್ ಕಿಕ್ ಸಿಗುತ್ತದೆ. ಹಿಡಿದ ಮೇಲೆ ಎಲ್ಲಿಗೆ ಕೊಡಬೇಕೆಂಬುದು ಹಿಡಿಯುವ ಮುನ್ನವೇ ಗೊತ್ತಿರಬೇಕಾಗಿದೆ. ಎಡಗಾಲಿನಿಂದ ಇಪ್ಪತ್ತು ಗಜ ದೂರದ ಡಿಫೆಂಡರ್‌ನ ಮುಂದಿನ ಕಾಲಿಗೆ ಚೆಂಡು ತಲುಪಿಸಲು ನಿಮಗೆ ಬರುತ್ತದೆಯೇ? ಬಾರದಿದ್ದರೆ ಅದನ್ನು ಕಲಿಯಲು ಪಂದ್ಯವೇ ಬೇಕಿಲ್ಲ, ಬೆರಳಿಗೆ ಪಟ್ಟಿ ಕಟ್ಟಿರುವ ವಾರಗಳಲ್ಲಿ ವೈದ್ಯರು ಒಪ್ಪಿದರೆ ಅದನ್ನೇ ಮಾಡಬಹುದು.

ಬಿಡುವ ಯೋಚನೆ ಬಂದವರಲ್ಲಿ ನೀವು ಮೊದಲಿಗರಲ್ಲ. ಇಂಗ್ಲೆಂಡ್‌ನ ಮೇರಿ ಅರ್ಪ್ಸ್ ರಾಷ್ಟ್ರೀಯ ತಂಡದಿಂದ ಹೊರಗುಳಿದ ದಿನಗಳಲ್ಲಿ ಆಟವನ್ನೇ ಬಿಡಲು ಯೋಚಿಸಿದ್ದಾಗಿ ಮುಕ್ತವಾಗಿ ಹೇಳಿಕೊಂಡಿದ್ದಾರೆ. 2021ರಲ್ಲಿ ಸರೀನಾ ವೀಗ್ಮನ್ ಕೋಚ್ ಆಗಿ ಬಂದು ಅವರನ್ನು ಮರಳಿ ಕರೆದರು. ಮರುವರ್ಷ ಇಂಗ್ಲೆಂಡ್ ಯುರೋಪಿಯನ್ ಚಾಂಪಿಯನ್ ಆಯಿತು. 2023ರ ವಿಶ್ವಕಪ್ ಫೈನಲ್ ಸೋತರೂ ಆ ಪಂದ್ಯದಲ್ಲಿ ಪೆನಾಲ್ಟಿ ತಡೆದ ಅರ್ಪ್ಸ್ ಟೂರ್ನಿಯ ಅತ್ಯುತ್ತಮ ಗೋಲ್‌ಕೀಪರ್‌ಗೆ ಕೊಡುವ ಗೋಲ್ಡನ್ ಗ್ಲೌಸ್ ಪಡೆದರು. ಒಬ್ಬ ಕೋಚ್ ಬೇಡವೆಂದದ್ದನ್ನು ಇನ್ನೊಬ್ಬರು ಬೇಕೆನ್ನಬಹುದು. ನಮ್ಮ ಸ್ಥಾನದಲ್ಲಿ ಒಬ್ಬರಿಗೇ ಜಾಗವಿರುವುದರಿಂದ ಈ ಮಾತು ಉಳಿದ ಆಟಗಾರರಿಗಿಂತ ನಮಗೆ ಹೆಚ್ಚು ಅನ್ವಯಿಸುತ್ತದೆ.

– ಗೋಲ್‌ಕೀಪರ್ ಒಬ್ಬರು

ಮನೆಯವರ ಮಾತನ್ನು ತಳ್ಳಿಹಾಕಬೇಡಿ

ಹಿಂದಿನ ಪತ್ರಗಳ ಉತ್ಸಾಹ ನನಗೆ ಪೂರ್ತಿ ಒಪ್ಪಿಗೆಯಿಲ್ಲ. ಆಟಗಾರರ ಒಪ್ಪಂದಗಳ ಕೆಲಸ ಮಾಡುವ ನನಗೆ ಮಾರ್ಟಿನೆಜ್ ಆಗದೇ ಉಳಿದವರು ಹೆಚ್ಚು ಕಾಣುತ್ತಾರೆ. ಓದು ಮತ್ತು ಆಟದಲ್ಲಿ ಒಂದನ್ನೇ ಆರಿಸಬೇಕೆಂಬುದು ಮನೆಯವರಿಗೂ ನಿಮಗೂ ಇರುವ ತಪ್ಪು ತಿಳಿವಳಿಕೆ. ವೃತ್ತಿಪರ ಕ್ಲಬ್‌ನ ಅಭ್ಯಾಸ ಸಾಮಾನ್ಯವಾಗಿ ದಿನದ ಅರ್ಧ ಭಾಗದಲ್ಲಿ ಮುಗಿಯುತ್ತದೆ, ಪ್ರಯಾಣದ ದಿನಗಳನ್ನು ಬಿಟ್ಟರೆ ದೂರಶಿಕ್ಷಣಕ್ಕೆ ಸಮಯ ಉಳಿಯುತ್ತದೆ. ಈ ವರ್ಷವೇ ಪ್ರವೇಶ ಪಡೆಯಿರಿ. ಲೋನ್‌ನ ಋತು ಮುಗಿದ ಮೇಲೂ ಯಾವ ಕ್ಲಬ್‌ನಿಂದಲೂ ಮೊದಲ ಅಥವಾ ಎರಡನೆಯ ಗೋಲ್‌ಕೀಪರ್ ಆಗಿ ಕರೆ ಬಾರದಿದ್ದರೆ ಮರುಯೋಚನೆ ಮಾಡುತ್ತೇನೆಂದು ಮನೆಯವರಿಗೆ ಈಗಲೇ ಮಾತು ಕೊಡಿ, ಆ ಮಾತಿಗೆ ನಿಲ್ಲಿ. ಆಡುವುದನ್ನು ಬಿಟ್ಟವರೆಲ್ಲ ಆಟದಿಂದ ದೂರವಾಗುವುದಿಲ್ಲ. 2004ರಲ್ಲಿ ಪೋರ್ಟೊ ಚಾಂಪಿಯನ್ಸ್ ಲೀಗ್ ಗೆದ್ದಾಗ ಮೀಸಲು ಗೋಲ್‌ಕೀಪರ್ ಆಗಿದ್ದ ನುನೊ ಎಸ್ಪಿರಿಟೊ ಸಾಂಟೊ ಮುಂದೆ ಪ್ರೀಮಿಯರ್ ಲೀಗ್‌ನಲ್ಲಿ ಹೆಸರಾಂತ ಕೋಚ್ ಆದರು.

ಇನ್ನು ಕಾಗದಪತ್ರದ ಮಾತು. ಫಿಫಾ ನಿಯಮದಂತೆ ಒಪ್ಪಂದದ ಕಡೆಯ ಆರು ತಿಂಗಳಲ್ಲಿ ಬೇರೆ ಕ್ಲಬ್ ಜೊತೆ ಮುಂದಿನ ಒಪ್ಪಂದ ಮಾಡಿಕೊಳ್ಳಲು ಆಟಗಾರ ಸ್ವತಂತ್ರ. ಮುಂದಿನ ಋತುವಿನ ದ್ವಿತೀಯಾರ್ಧದಲ್ಲಿ ಆ ಹಕ್ಕು ನಿಮ್ಮದಾಗುತ್ತದೆ, ಆಗ ನೀವು ಬೆಂಚ್ ಮೇಲಿರದೆ ಪಂದ್ಯದಲ್ಲಿದ್ದರೆ ಬೇರೆಯವರು ನಿಮ್ಮನ್ನು ನೋಡಿರುತ್ತಾರೆ. ಲೋನ್ ಪತ್ರಕ್ಕೆ ಸಹಿ ಹಾಕುವ ಮುನ್ನ ಮೂಲ ಕ್ಲಬ್ ನಿಮ್ಮನ್ನು ನಡುವೆ ವಾಪಸ್ ಕರೆಸಿಕೊಳ್ಳಬಹುದೇ, ಕರೆಸಿಕೊಂಡರೆ ಆಡಲಿಕ್ಕೋ ಮತ್ತೆ ಕೂರಿಸಲಿಕ್ಕೋ ಎಂಬುದನ್ನು ಸ್ಪಷ್ಟಪಡಿಸಿಕೊಳ್ಳಿ. ಸಂಬಳದಲ್ಲಿ ಯಾರು ಎಷ್ಟು ಭಾಗ ಕೊಡುತ್ತಾರೆ, ಆ ಬೆರಳಿನ ಚಿಕಿತ್ಸೆ ಯಾವ ಕ್ಲಬ್‌ನ ಖರ್ಚಿನಲ್ಲಿ ಮತ್ತು ಯಾವ ವೈದ್ಯರ ಉಸ್ತುವಾರಿಯಲ್ಲಿ ನಡೆಯುತ್ತದೆ ಎಂಬುದನ್ನೂ ಅದೇ ಪತ್ರದಲ್ಲಿ ಬರೆಸಿಕೊಳ್ಳಿ.

– ಕ್ರೀಡಾ ಒಪ್ಪಂದಗಳ ಸಲಹೆಗಾರರು