1.12 ಕೋಟಿ ಬಾಕಿ ಇದೆ, ಈಗ "ಮಾಲ್ ಸರಿ ಇರ್ಲಿಲ್ಲ" ಅಂತಿದ್ದಾರೆ, ಎನ್‌ಸಿಎಲ್‌ಟಿಗೆ ಹೋಗ್ಬಹುದಾ?

ಪ್ರಶ್ನೆ
ನಮ್ದು ಕೊರುಗೇಟೆಡ್ ಬಾಕ್ಸ್ ಮಾಡೋ ಪ್ರೈವೇಟ್ ಲಿಮಿಟೆಡ್ ಕಂಪನಿ. ಒಂದು ದೊಡ್ಡ ಪಾರ್ಟಿ ಹನ್ನೊಂದು ಬಿಲ್ ಬಾಕಿ ಇಟ್ಕೊಂಡಿದೆ, ಒಟ್ಟು 1 ಕೋಟಿ 12 ಲಕ್ಷ. ಮುಂದಿನ ವಾರ ಮುಂದಿನ ವಾರ ಅಂತ ಎಂಟು ತಿಂಗಳು ತಳ್ಳಿದ್ರು. ಪರಿಚಯದವ್ರು ಡಿಮ್ಯಾಂಡ್ ನೋಟಿಸ್ ಕೊಡಿ ಹೆದರ್ತಾರೆ ಅಂದ್ರು, ಕೊಟ್ವಿ, ಒಂಬತ್ತನೇ ದಿನಕ್ಕೆ ರಿಪ್ಲೈ ಬಂತು, ಕ್ವಾಲಿಟಿ ತಕರಾರು ಮೊದಲಿಂದ್ಲೂ ಇದೆ ಅಂತ. ಹಳೇ ಮೇಲ್ ತೆಗೆದು ನೋಡಿದ್ರೆ ನಿಜ, ಅವ್ರ ಸ್ಟೋರ್ಸ್‌ನವ್ರು ಮಾರ್ಚಲ್ಲೇ "ಮೂರು ಲೋಡಲ್ಲಿ ಬಾಕ್ಸ್ ಅಂಟು ಬಿಡ್ತಿದೆ, ಕ್ರೆಡಿಟ್ ನೋಟ್ ಕೊಡಿ" ಅಂತ, ಅಂದ್ರೆ ಬಿಲ್ಲಲ್ಲಿ ಅಷ್ಟು ದುಡ್ಡು ಕಡಿಮೆ ಮಾಡಿ ಅಂತ ಹಾಕಿದ್ದಾರೆ, ನಾವು ಉತ್ರಾನೇ ಕೊಟ್ಟಿಲ್ಲ. ಆ ಮೂರು ಲೋಡು 26 ಲಕ್ಷದ್ದು. ಈಗ ಏನ್ ಮಾಡೋದು?

ಉತ್ತರ 1
ನಾನು ವಕೀಲ, ಕಮರ್ಷಿಯಲ್ ಮ್ಯಾಟರ್ಸೇ ನೋಡೋದು. ಸರ್, ಎನ್‌ಸಿಎಲ್‌ಟಿ ವಸೂಲಿ ಕೋರ್ಟ್ ಅಲ್ಲ, ಕಂಪನಿ ದಿವಾಳಿ ಕೇಸ್ ನೋಡೋ ಟ್ರಿಬ್ಯುನಲ್. ನೋಟಿಸ್‌ಗಿಂತ ಮುಂಚೆನೇ ತಕರಾರು ಇತ್ತು ಅಂತ ಕಾಗದದಲ್ಲಿ ಕಂಡ್ರೆ ದಿವಾಳಿ ಕಾನೂನಿನ (ಐಬಿಸಿ) ಸೆಕ್ಷನ್ 9 ಅರ್ಜಿ ನಿಲ್ಲಲ್ಲ. 2017ರ ಮೊಬಿಲಾಕ್ಸ್ ತೀರ್ಪಲ್ಲಿ ಸುಪ್ರೀಂ ಕೋರ್ಟ್ ಹೇಳಿರೋದು ಇಷ್ಟೇ, ತಕರಾರು ಗೆಲ್ಲುತ್ತಾ ಅಂತ ನೋಡೋ ಹಾಗಿಲ್ಲ, ಅದು ಬರೀ ಕಟ್ಟುಕಥೆ ಅಲ್ಲ ಅಂದ್ರೆ ಸಾಕು. ಸರಿ, ಆ 26 ಲಕ್ಷ ಬಿಟ್ಟು ಮಿಕ್ಕಿದ್ದಕ್ಕೆ ಹಾಕೋಣ ಅಂದ್ರೆ 86 ಲಕ್ಷ ಉಳಿಯುತ್ತೆ, ಮಾರ್ಚ್ 2020ರಿಂದ ಕನಿಷ್ಠ 1 ಕೋಟಿ ಬಾಕಿ ಇರ್ಬೇಕು, ಅಲ್ಲೂ ಬಾಗಿಲು ಮುಚ್ಚಿದೆ.

ನಿಮ್ ದಾರಿ ಕಮರ್ಷಿಯಲ್ ಕೋರ್ಟು. 3 ಲಕ್ಷದ ಮೇಲಿದ್ರೆ ಹಾಕ್ಬಹುದು. ತುರ್ತು ತಡೆಯಾಜ್ಞೆ ಏನೂ ಕೇಳ್ತಿಲ್ಲ ಅಂದ್ರೆ ಮೊದಲು ಕಮರ್ಷಿಯಲ್ ಕೋರ್ಟ್ ಕಾಯ್ದೆಯ ಸೆಕ್ಷನ್ 12ಎ ಮೀಡಿಯೇಶನ್‌ಗೆ (ಮಧ್ಯವರ್ತಿ ಮುಂದೆ ರಾಜಿ ಮಾತುಕತೆ) ಹೋಗ್ಲೇಬೇಕು, ಅದು ಬಿಟ್ಟು ನೇರ ದಾವೆ ಹಾಕಿದ್ರೆ ಪ್ಲೈಂಟ್ (ದಾವೆ ಅರ್ಜಿ) ವಾಪಸ್ ಬಿಸಾಕ್ತಾರೆ.

ಉತ್ತರ 2
ನಮಗೂ ಇದೇ ಆಗಿತ್ತು. ಗೋಡೌನಲ್ಲಿ ತೆಗೆದ ಒಂದು ವಾಟ್ಸಾಪ್ ಫೋಟೋ ತೋರಿಸಿ ಎನ್‌ಸಿಎಲ್‌ಟಿಲಿ ನಮ್ಮನ್ನ ಹೊರಗೆ ಕಳ್ಸಿದ್ರು, ವರ್ಷದ ಮೇಲೆ ಹಾಳಾಯ್ತು. ಆಮೇಲೆ ಮೀಡಿಯೇಶನ್‌ಗೆ ಹಾಕಿದ್ವಿ, ಅವ್ರು ಬರ್ಲೇ ಇಲ್ಲ, ಆ ರಿಪೋರ್ಟ್ ತಗೊಂಡು ದಾವೆ ಹಾಕಿದ್ವಿ. ಸಮನ್ಸ್ ಮುಟ್ಟಿ 120 ದಿನ ಆದ್ರೂ ಅವ್ರು ಲಿಖಿತ ಹೇಳಿಕೆ ಹಾಕ್ಲಿಲ್ಲ, ಅದಾದ್ಮೇಲೆ ಕೋರ್ಟ್ ತಗೊಳ್ಳೋದೇ ಇಲ್ಲ, ಎಷ್ಟು ಗೋಗರೆದ್ರೂ. ಆ ದಿನ ನಮ್ಮಪ್ಪ ಕೋರ್ಟ್ ಹಾಲ್ ಹೊರಗೆ ಬೆಂಚ್ ಮೇಲೆ ಕೂತು ಕಣ್ಣೊರೆಸ್ಕೊಂಡ್ರು.

ಡೆಲಿವರಿ ಚಲನ್ ಮೇಲೆ ಅವ್ರ ಗೇಟ್ ಸೀಲ್ ಇದ್ಯಾ ನೋಡ್ಕೊಳ್ಳಿ, ಒಂದೊಂದೂ ಮುಖ್ಯ.

ಪ್ರಶ್ನೆ ಕೇಳಿದವರು
ಸೀಲ್ ಎಲ್ಲದ್ರಲ್ಲೂ ಇದೆ. ಉದ್ಯಮ್ ರಿಜಿಸ್ಟ್ರೇಷನ್ನೂ (ಸಣ್ಣ ಉದ್ದಿಮೆಗಳ ಸರ್ಕಾರಿ ನೋಂದಣಿ) ಇದೆ, ಸ್ಮಾಲ್ ಕೆಟಗರಿ, ಸಪ್ಲೈ ಶುರು ಮಾಡೋಕ್ ಮುಂಚೆನೇ ಮಾಡ್ಸಿದ್ದು.

ಉತ್ತರ 1
ಅಯ್ಯೋ, ಇದನ್ನ ಮೊದಲೇ ಹೇಳ್ಬಾರ್ದಾ ಸರ್! ಹಾಗಾದ್ರೆ ಸಣ್ಣ ಉದ್ದಿಮೆಗಳ ಬಾಕಿ ಕೇಸ್ ನೋಡೋ ಎಂಎಸ್‌ಎಂಇ ಫೆಸಿಲಿಟೇಶನ್ ಕೌನ್ಸಿಲ್ ಇದೆ. ಕಾನೂನು ಪ್ರಕಾರ 45 ದಿನ ದಾಟಿದ್ರೆ ಆರ್‌ಬಿಐ ಬ್ಯಾಂಕ್ ರೇಟಿನ ಮೂರರಷ್ಟು ಚಕ್ರಬಡ್ಡಿ, ಮೇಲಾಗಿ ನಿಮ್ ಪರ ಅವಾರ್ಡ್ (ಕೌನ್ಸಿಲ್ ಕಡೆಯ ತೀರ್ಪು) ಆದ್ರೆ ಅವ್ರು ಪ್ರಶ್ನೆ ಮಾಡೋಕೆ 75% ದುಡ್ಡು ಡೆಪಾಸಿಟ್ ಇಡ್ಬೇಕು. ತಕರಾರು ಇದೆ ಅಂತ ಕೌನ್ಸಿಲ್ ನಿಮ್ಮನ್ನ ವಾಪಸ್ ಕಳ್ಸಲ್ಲ, ಮೊದಲು ರಾಜಿ, ಆಗ್ಲಿಲ್ಲ ಅಂದ್ರೆ ಆರ್ಬಿಟ್ರೇಶನ್ (ಕೋರ್ಟ್ ಹೊರಗೆ ಪಂಚರ ತೀರ್ಮಾನ), ಆ 26 ಲಕ್ಷದ ಕಥೆ ಅಲ್ಲೇ ವಿಚಾರಣೆ ಆಗುತ್ತೆ. ಸಾಲಕ್ಕೆ ಮೂರು ವರ್ಷದ ಲಿಮಿಟೇಶನ್ (ಕೇಸ್ ಹಾಕೋ ಗಡುವು) ಇದೆ, ಅದಕ್ಕೆ ಹಳೇ ಬಿಲ್ ಯಾವತ್ತಿಂದು ಅಂತ ಮೊದಲು ನೋಡಿ. ಆ ಮಾರ್ಚ್ ಮೇಲ್ ಮುಚ್ಚಿಡ್ಬೇಡಿ, ನೀವೇ ಮುಂದಿಡಿ. ಮೂರು ಲೋಡ್ ಬಿಟ್ಟು ಉಳಿದ ಎಂಟು ಬಿಲ್ ಬಗ್ಗೆ ಅವ್ರು ಒಂದು ಮಾತೂ ಆಡಿಲ್ಲ ಅನ್ನೋದಕ್ಕೆ ಅದೇ ನಿಮ್ ಸಾಕ್ಷಿ.