ಮಿತ್ಸುಹರು ಮಿಸಾವಾ: ಸೋಲು ಗೆಲುವು ಮೊದಲೇ ನಿಶ್ಚಯವಾಗಿದ್ದರೆ ಆ ಮನುಷ್ಯ ಗಳಿಸಿದ್ದೇನು?

ತುಂಗಾತೀರ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ಚಿಕ್ಕಂದಿನಲ್ಲಿ ಕೇಬಲ್ ಟಿವಿಯಲ್ಲಿ ಅಮೆರಿಕದ ಕುಸ್ತಿ ನೋಡುತ್ತಿದ್ದು, ಅದರ ಫಲಿತಾಂಶವೆಲ್ಲ ಮೊದಲೇ ಬರೆದಿಟ್ಟದ್ದು ಎಂದು ಗೊತ್ತಾದ ದಿನವೇ ನೋಡುವುದನ್ನು ಬಿಟ್ಟವನು ನಾನು. ಇತ್ತೀಚೆಗೆ ಸ್ನೇಹಿತರೊಬ್ಬರ ಒತ್ತಾಯಕ್ಕೆ ಕಟ್ಟುಬಿದ್ದು, 1995ರ ಜೂನ್ 9ರಂದು ಟೋಕಿಯೊದ ನಿಪ್ಪೋನ್ ಬುಡೊಕಾನ್‌ನಲ್ಲಿ ನಡೆದ ಜೋಡಿ ಪಂದ್ಯವೊಂದನ್ನು ನೋಡಿದೆ. ಒಂದು ಕಡೆ ಮಿತ್ಸುಹರು ಮಿಸಾವಾ ಮತ್ತು ಕೆಂಟಾ ಕೊಬಾಶಿ, ಇನ್ನೊಂದು ಕಡೆ ತೊಶಿಯಾಕಿ ಕವಾಡಾ ಮತ್ತು ಅಕಿರಾ ತಾವುಎ. ನಲವತ್ತು ನಿಮಿಷ ಮೀರಿದ ಆ ಪಂದ್ಯದಲ್ಲಿ ಯಾರೂ ಮೈಕ್ ಹಿಡಿದು ಕೂಗಾಡಲಿಲ್ಲ, ಯಾರೂ ಕುರ್ಚಿ ಎತ್ತಿ ಹೊಡೆಯಲಿಲ್ಲ. ಕೊನೆಗೊಮ್ಮೆ ಏಳಲಾಗದೆ ಬಿದ್ದಿದ್ದ ಮಿಸಾವಾರ ಮೇಲೆ, ತಾನೂ ಕಾಲು ಕಳೆದುಕೊಂಡವನಂತಾಗಿದ್ದ ಕೊಬಾಶಿ ತೆವಳಿಕೊಂಡು ಬಂದು ಕವುಚಿ ಮಲಗಿ, ಬೀಳುವ ಏಟುಗಳನ್ನೆಲ್ಲ ತನ್ನ ಬೆನ್ನಿಗೆ ಹಾಕಿಕೊಳ್ಳುತ್ತಾರೆ. ಸುಳ್ಳೆಂದು ಚೆನ್ನಾಗಿ ತಿಳಿದಿದ್ದೂ ನನ್ನ ಗಂಟಲು ಕಟ್ಟಿತು.

ಆಮೇಲೆ ಹುಡುಕಿದಾಗ, ಇದೇ ಮಿಸಾವಾ 2009ರ ಜೂನ್ 13ರಂದು ಹಿರೋಶಿಮಾದ ರಿಂಗಿನಲ್ಲೇ ಏಟು ತಿಂದು ಅದೇ ರಾತ್ರಿ ತೀರಿಕೊಂಡರೆಂದು ತಿಳಿಯಿತು. ಬಲ್ಲವರು ದಯವಿಟ್ಟು ತಿಳಿಸಿ. ಫಲಿತಾಂಶ ನಿಶ್ಚಿತವಾದ ಆಟದಲ್ಲಿ ಶ್ರೇಷ್ಠತೆ ಎಂದರೆ ಏನು? ಸ್ವಂತ ಸಂಸ್ಥೆಯ ಅಧ್ಯಕ್ಷರಾಗಿದ್ದವರು 46ರ ವಯಸ್ಸಿನಲ್ಲಿ ರಿಂಗಿಗೆ ಇಳಿಯುತ್ತಿದ್ದುದು ಯಾಕೆ? ಕೊನೆಯ ಪಟ್ಟು ಹಾಕಿದ ಅಕಿತೊಶಿ ಸೈತೊ ಅವರನ್ನು ಹೊಣೆ ಮಾಡುವುದು ಸರಿಯೇ?

ಹಸಿರುಪಟ್ಟಿ

ತುಂಗಾತೀರ ಅವರೇ, ನಿಮ್ಮ ಮೊದಲ ಪ್ರಶ್ನೆಗೆ ಉತ್ತರಿಸಬೇಕಾದರೆ ಗೆಲ್ಲುವುದನ್ನು ಸ್ವಲ್ಪ ಬದಿಗಿಟ್ಟು ಬೀಳುವುದರಿಂದ ಆರಂಭಿಸಬೇಕಾಗುತ್ತದೆ. ಜಪಾನೀಯರು ಬೀಳುವ ಕಲೆಯನ್ನು 'ಉಕೆಮಿ' ಎನ್ನುತ್ತಾರೆ. ಇದು ಜೂಡೊದಿಂದ ಬಂದ ಮಾತು. ಎದುರಾಳಿ ಎತ್ತಿ ಎಸೆದಾಗ ಗದ್ದವನ್ನು ಎದೆಗೆ ಒತ್ತಿಕೊಂಡು, ಬೆನ್ನಿನ ಮೇಲ್ಭಾಗವನ್ನೂ ಎರಡು ತೋಳುಗಳನ್ನೂ ಒಂದೇ ಕ್ಷಣದಲ್ಲಿ ನೆಲಕ್ಕೆ ಬಡಿದು, ಪೆಟ್ಟನ್ನು ಇಡೀ ಮೈಗೆ ಹಂಚಿಬಿಡುವುದೇ ಅದರ ಮರ್ಮ. ಮಿಸಾವಾ ಹೊಡೆಯುವುದರಲ್ಲಿ ದೊಡ್ಡವರು ನಿಜ. ಅವರ ಮೊಣಕೈ ಏಟನ್ನು ಹೆಸರಿಸದ ಅಭಿಮಾನಿಯಿಲ್ಲ. ಆದರೆ ಸಮಕಾಲೀನರು ಅವರನ್ನು ಪ್ರತಿಭಾವಂತ ಎಂದು ಹೊಗಳುತ್ತಿದ್ದುದು ಮುಖ್ಯವಾಗಿ ಬೀಳುವುದಕ್ಕೆ. ಎದುರಾಳಿಯ ಪಟ್ಟು ಎಷ್ಟು ಭಯಂಕರ ಎಂಬುದು ಅದನ್ನು ತಿನ್ನುವವನ ಮೈಯಲ್ಲಿ ಕಾಣಬೇಕು, ಹಾಗಿದ್ದೂ ಅವನು ನಾಳೆ ಸಂಜೆ ಇನ್ನೊಂದು ಊರಿನಲ್ಲಿ ಆಡಲು ಏಳಬೇಕು. ಈ ಎರಡನ್ನೂ ಒಟ್ಟಿಗೆ ಸಾಧಿಸುವವರು ಕಡಿಮೆ.

ಅವರ ವೃತ್ತಿಜೀವನವನ್ನು ಚಿಕ್ಕದಾಗಿ ಹೇಳುತ್ತೇನೆ. ಹುಟ್ಟಿದ್ದು 1962ರ ಜೂನ್ 18, ಹೊಕ್ಕೈಡೊ ದ್ವೀಪದ ಕಲ್ಲಿದ್ದಲು ಗಣಿಗಳ ಊರಾದ ಯೂಬಾರಿಯಲ್ಲಿ. ಪ್ರೌಢಶಾಲೆಯಲ್ಲಿ ಮ್ಯಾಟ್ ಕುಸ್ತಿ ಕಲಿತರು. ಅಲ್ಲಿ ಅವರಿಗಿಂತ ಒಂದು ವರ್ಷ ಚಿಕ್ಕ ತರಗತಿಯಲ್ಲಿದ್ದ ಹುಡುಗನೇ ಮುಂದೆ ಅವರ ಆಜನ್ಮ ಎದುರಾಳಿಯಾದ ಕವಾಡಾ. 1981ರಲ್ಲಿ ಜೈಂಟ್ ಬಾಬಾ ಅವರ ಆಲ್ ಜಪಾನ್ ಸಂಸ್ಥೆ ಸೇರಿ ಅದೇ ಆಗಸ್ಟ್ 21ರಂದು ಮೊದಲ ಪಂದ್ಯ ಆಡಿದರು. 1984ರಲ್ಲಿ ಮೆಕ್ಸಿಕೊಗೆ ಕಳಿಸಿದ್ದ ಬಾಬಾ, ಕೆಲವೇ ತಿಂಗಳಲ್ಲಿ ವಾಪಸು ಕರೆಸಿ ಮುಖಕ್ಕೆ ಹುಲಿಯ ಮುಖವಾಡ ಕಟ್ಟಿದರು. ಟೈಗರ್ ಮಾಸ್ಕ್ ಎಂಬ ಆ ಪಾತ್ರವನ್ನು ಅದಕ್ಕೂ ಮುಂಚೆ ಬೇರೊಂದು ಸಂಸ್ಥೆಯಲ್ಲಿ ಸತೊರು ಸಯಾಮಾ ಧರಿಸಿ ನಾಡಿನ ಮಕ್ಕಳಿಗೆಲ್ಲ ಹುಚ್ಚು ಹಿಡಿಸಿದ್ದರು. ಸಯಾಮಾ ಹಗುರ ಮೈಯವರು, ಗಾಳಿಯಲ್ಲಿ ತೇಲುವವರು. ಮಿಸಾವಾ ಅವರದು ಅದಕ್ಕೆ ಹೊಂದದ ದೊಡ್ಡ ಮೈಕಟ್ಟು. ಆರು ವರ್ಷ ಅವರು ಇನ್ನೊಬ್ಬರ ಮುಖ ಹೊತ್ತು ಆಡಿದರು ಎಂದರೆ ತಪ್ಪಾಗದು.

1990ರ ವಸಂತದಲ್ಲಿ ಗೆನಿಚಿರೊ ತೆನ್ರ್ಯು ಎಂಬ ಮೇಲ್ಮಟ್ಟದ ತಾರೆ ಹೊಸ ಸಂಸ್ಥೆಗೆ ಹೊರಟುಹೋದಾಗ ಆಲ್ ಜಪಾನ್ ಬರಿದಾಗುವ ಸ್ಥಿತಿಗೆ ಬಂತು. ಆ ಮೇ 14ರಂದು ಟೋಕಿಯೊದಲ್ಲಿ ಪಂದ್ಯದ ನಡುವೆಯೇ ಮಿಸಾವಾ ತಮ್ಮ ಜೊತೆಗಾರ ಕವಾಡಾ ಕಡೆ ತಲೆಯ ಹಿಂಭಾಗ ತಿರುಗಿಸಿ, ಮುಖವಾಡದ ದಾರ ಬಿಚ್ಚಿಸಿಕೊಂಡು, ಅದನ್ನು ಕಿತ್ತು ಎಸೆದು ಹೊಡೆದಾಟಕ್ಕೆ ಮರಳಿದರು. ಭಾಷಣವಿಲ್ಲ, ಘೋಷಣೆಯಿಲ್ಲ. ಇನ್ನೂ ನಾಲ್ಕು ವಾರ ಕಳೆಯುವ ಮುನ್ನ, ಜೂನ್ 8ರಂದು, ಬುಡೊಕಾನ್‌ನಲ್ಲಿ ಅವರನ್ನು ಜಂಬೊ ತ್ಸುರುತಾ ಎದುರು ನಿಲ್ಲಿಸಿದರು. ತ್ಸುರುತಾ 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಗ್ರೀಕೊ-ರೋಮನ್ ಕುಸ್ತಿಯಾಡಿದವರು, ಸಂಸ್ಥೆಯ ಹಿರಿಯಣ್ಣ. ಮಿಸಾವಾ ಸೋಲಬೇಕೆಂದೇ ಮೊದಲು ಯೋಚಿಸಿದ್ದ ಬಾಬಾ, ಅಂದು ಸಭಾಂಗಣದ ಹೊರಗೆ ಸೇರಿದ್ದ ಜನರ ಉತ್ಸಾಹವನ್ನು ಕಂಡು ಮನಸ್ಸು ಬದಲಿಸಿದರೆಂಬ ಮಾತು ಅಭಿಮಾನಿಗಳ ನಡುವೆ ಇವತ್ತಿಗೂ ಓಡಾಡುತ್ತದೆ. ಮಿಸಾವಾ ಗೆದ್ದರು. ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲೇ ಇದೆ ಎಂಬುದು ನನ್ನ ಎಣಿಕೆ. ಫಲಿತಾಂಶ ಬರೆಯುವವನ ಕೈಯನ್ನೂ ಒಂದು ಶಕ್ತಿ ಹಿಡಿದು ನಡೆಸುತ್ತದೆ, ಅದು ಟಿಕೆಟ್ ಕೊಂಡವರ ನಂಬಿಕೆ. ಅದನ್ನು ಮಾತ್ರ ಯಾರೂ ಮೊದಲೇ ಬರೆದಿಡಲಾರರು.

ಮುಂದಿನದು ನಿಮಗೆ ಗೊತ್ತಿರಬಹುದು. 1992ರ ಆಗಸ್ಟ್ 22ರಂದು ಅಮೆರಿಕದ ಸ್ಟ್ಯಾನ್ ಹ್ಯಾನ್ಸನ್ ಅವರನ್ನು ಸೋಲಿಸಿ ಸಂಸ್ಥೆಯ ಅತ್ಯುನ್ನತ ಪಟ್ಟವಾದ ತ್ರಿವಳಿ ಕಿರೀಟ ಪಡೆದು, 705 ದಿನ ಉಳಿಸಿಕೊಂಡರು. ಆ ಕಿರೀಟ ಒಟ್ಟು ಐದು ಸಲ ಅವರದಾಯಿತು.

ಗರಡಿಮನೆ

ಮೇಲಿನ ಉತ್ತರ ಚೆನ್ನಾಗಿದೆ, ಆದರೆ ಅದರಲ್ಲಿ ಭಕ್ತಿ ಹೆಚ್ಚಾಗಿ ಲೆಕ್ಕ ಕಡಿಮೆಯಾಗಿದೆ ಎಂದರೆ ಹಸಿರುಪಟ್ಟಿ ಅವರು ಬೇಸರಿಸಬಾರದು. ನಾನು ಪ್ರಾಯದಲ್ಲಿ ಆರು ವರ್ಷ ಗರಡಿಗೆ ಹೋದವನು. ನಮ್ಮ ಉಸ್ತಾದರು ಪಟ್ಟು ಕಲಿಸುವುದಕ್ಕೆ ಮುಂಚೆ ಮಣ್ಣು ಅಗೆಸುತ್ತಿದ್ದರು, ಬೀಳುವವನ ಮೂಳೆಗೆ ಮಣ್ಣು ಸಡಿಲವಾಗಿರಬೇಕೆಂಬ ಒಂದೇ ಕಾರಣಕ್ಕೆ. ಈ ವೃತ್ತಿಪರ ಕುಸ್ತಿಯ ರಿಂಗ್ ಎಂದರೆ ಕಬ್ಬಿಣದ ಚೌಕಟ್ಟು, ಅದರ ಮೇಲೆ ಹಲಗೆ, ಹಲಗೆಯ ಮೇಲೆ ತೆಳ್ಳನೆಯ ಹಾಸು, ಅದಕ್ಕೆ ಬಿಗಿದ ಕ್ಯಾನ್ವಾಸ್. ನಾಟಕ ಎನ್ನುವವರು ಆ ಹಲಗೆಯ ಮೇಲೆ ಒಮ್ಮೆ ಬೆನ್ನು ಹಾಕಿ ಬೀಳಲಿ.

ನನ್ನ ಆಕ್ಷೇಪ ಪಟ್ಟುಗಳ ಬಗ್ಗೆ. ಮಿಸಾವಾ 1991ರಲ್ಲಿ ತೋರಿಸಿದ 'ಟೈಗರ್ ಡ್ರೈವರ್ 91' ಎಂಬುದನ್ನು ನಿಧಾನಗತಿಯಲ್ಲಿ ನೋಡಿ. ಬಗ್ಗಿದ ಎದುರಾಳಿಯ ಎರಡೂ ತೋಳುಗಳನ್ನು ಹಿಂದಿನಿಂದ ಕಟ್ಟಿ, ಎತ್ತಿ, ತಲೆಯ ಮೇಲೆ ಇಳಿಸುತ್ತಾರೆ. ಕೈ ಕಟ್ಟಿಹಾಕಿದವನಿಗೆ ಯಾವ ಉಕೆಮಿ? ಕತ್ತೇ ಗತಿ. ಅವರು ಅದನ್ನು ತೀರಾ ಅಪರೂಪಕ್ಕೆ ಬಳಸಿದರು ಎಂಬುದನ್ನು ಒಪ್ಪುತ್ತೇನೆ, 1994ರ ಜೂನ್ 3ರಂದು ಕವಾಡಾ ಮೇಲೆ, 1997ರ ಜನವರಿ 20ರಂದು ಒಸಾಕಾದಲ್ಲಿ ಕೊಬಾಶಿ ಮೇಲೆ. ಆದರೆ ದಾರಿ ಯಾವ ಕಡೆಗೆ ಸಾಗುತ್ತಿತ್ತು ಎಂಬುದು ಅದರಲ್ಲೇ ಕಾಣುತ್ತದೆ.

ಇದಕ್ಕೆ ಕಾರಣ ಯಾರದೋ ಕ್ರೌರ್ಯವಲ್ಲ, ಸಂಸ್ಥೆಯ ಒಂದು ಒಳ್ಳೆಯ ನಿಯಮವೇ ಕಾರಣ ಎಂಬುದು ವಿಚಿತ್ರ. ತೊಂಬತ್ತರ ದಶಕದಲ್ಲಿ ಬಾಬಾ ತಮ್ಮ ದೊಡ್ಡ ಪಂದ್ಯಗಳಲ್ಲಿ ಅನರ್ಹತೆ, ರಿಂಗಿನ ಹೊರಗೆ ಎಣಿಸಿ ಮುಗಿಸುವುದು ಮುಂತಾದ ಜಾಣ ಅಂತ್ಯಗಳನ್ನು ಬಿಟ್ಟುಬಿಟ್ಟರು. ಅವು ಸಾಮಾನ್ಯವಾಗಿ ಭುಜ ನೆಲಕ್ಕೊತ್ತಿ ಮೂರು ಎಣಿಸಿಯೇ ಮುಗಿಯುತ್ತಿದ್ದವು. ಹಣ ಕೊಟ್ಟು ಬಂದವನಿಗೆ ಮೋಸವಾಗಬಾರದು ಎಂಬ ಆ ಪ್ರಾಮಾಣಿಕತೆಯನ್ನು ಜನ ಮೆಚ್ಚಿ ಬುಡೊಕಾನ್ ತುಂಬಿಸಿದರು. ಆದರೆ ಮೇಲ್ಮಟ್ಟದಲ್ಲಿ ಇದ್ದವರು ಅದೇ ನಾಲ್ವರು, ಮಿಸಾವಾ, ಕವಾಡಾ, ಕೊಬಾಶಿ, ತಾವುಎ. ಅವರಿಗೆ 'ಶಿತೆನ್ನೊ' ಎಂಬ ಬಿರುದು. ಬೌದ್ಧರಲ್ಲಿ ನಾಲ್ಕು ದಿಕ್ಕು ಕಾಯುವ ರಾಜರ ಹೆಸರು ಅದು, ನಮ್ಮ ದಿಕ್ಪಾಲಕರ ಹಾಗೆ. ಅದೇ ನಾಲ್ವರು ವರ್ಷದಲ್ಲಿ ಹಲವು ಸಲ ಒಬ್ಬರನ್ನೊಬ್ಬರು ಎದುರಿಸಿದಾಗ, ಕಳೆದ ಸಲ ಪಂದ್ಯ ಮುಗಿಸಿದ ಪಟ್ಟಿನಿಂದ ಈ ಸಲ ಎದುರಾಳಿ ಎದ್ದುಬಿಡುತ್ತಾನೆ, ಆಗ ಅದಕ್ಕಿಂತ ದೊಡ್ಡದು ಬೇಕಾಗುತ್ತದೆ, ಮುಂದಿನ ಸಲ ಅದೂ ಸಾಲದು. 2003ರ ಮಾರ್ಚ್ 1ರಂದು ಇದು ಎಲ್ಲಿಗೆ ಮುಟ್ಟಿತೆಂದರೆ, ಎತ್ತರದ ಪ್ರವೇಶಪಥದ ಮೇಲೆ ನಿಂತು ಮಿಸಾವಾ, ಕೊಬಾಶಿಯನ್ನು ಹಿಂದಿನಿಂದ ಅಪ್ಪಿ ಹಿಡಿದು, ಇಬ್ಬರೂ ಒಟ್ಟಿಗೆ ಕೆಳಗಿನ ನೆಲಕ್ಕೆ ಹಿಂಬದಿಯಾಗಿ ಬಿದ್ದರು. ಅಷ್ಟಾದರೂ ಕೊಬಾಶಿ ಎದ್ದರು, ಗೆದ್ದರು. ಜನ ನಿಂತು ಚಪ್ಪಾಳೆ ತಟ್ಟಿದರು. ನನಗೆ ಅದನ್ನು ಎರಡನೆಯ ಸಲ ನೋಡಲಾಗಲಿಲ್ಲ.

ಒಸಾಕಾ ಕನ್ನಡಿಗ

ಗರಡಿಮನೆ ಅವರ ವಿಶ್ಲೇಷಣೆಯನ್ನು ಬಹುಪಾಲು ಒಪ್ಪುತ್ತಾ, ಎರಡನೆಯ ಪ್ರಶ್ನೆಗೆ ಬರುತ್ತೇನೆ. ನಾನು ಹದಿನೈದು ವರ್ಷದಿಂದ ಇಲ್ಲಿರುವುದರಿಂದ ಹಳೆಯ ಅಭಿಮಾನಿಗಳ ಮಾತು ಕಿವಿಗೆ ಬೀಳುತ್ತಿರುತ್ತದೆ.

1999ರ ಜನವರಿ 31ರಂದು ಬಾಬಾ ತೀರಿಕೊಂಡರು, ಅದೇ ವರ್ಷ ಮಿಸಾವಾ ಅಧ್ಯಕ್ಷರಾದರು. ಆದರೆ ಷೇರುಗಳು ಬಾಬಾ ಅವರ ಪತ್ನಿ ಮೊತೊಕೊ ಬಾಬಾ ಅವರ ಕೈಯಲ್ಲಿದ್ದವು. ಸಂಸ್ಥೆಯನ್ನು ನಡೆಸುವ ರೀತಿಯಲ್ಲಿ ಇಬ್ಬರಿಗೂ ಹೊಂದಲಿಲ್ಲ. 2000ದ ಮೇ ತಿಂಗಳಲ್ಲಿ ಆಡಳಿತ ಮಂಡಳಿ ಅವರನ್ನು ಅಧ್ಯಕ್ಷ ಸ್ಥಾನದಿಂದ ಇಳಿಸಿತು. ಅವರು ಹೊರನಡೆದಾಗ ಕವಾಡಾ ಮತ್ತು ಮಸನೊಬು ಫುಚಿ ಇಬ್ಬರನ್ನು ಬಿಟ್ಟು ಜಪಾನಿನ ಕುಸ್ತಿಪಟುಗಳೆಲ್ಲ ಅವರ ಹಿಂದೆಯೇ ಬಂದರು. ಹೊಸ ಸಂಸ್ಥೆಗೆ ಇಟ್ಟ ಹೆಸರು 'ನೋವಾ', ಪ್ರಳಯದಲ್ಲಿ ಎಲ್ಲರನ್ನೂ ಹತ್ತಿಸಿಕೊಂಡ ಆ ಹಡಗಿನ ಯಜಮಾನನದು. ಅದೇ ಆಗಸ್ಟ್ 5ರಂದು ಟೋಕಿಯೊದ ಡಿಫರ್ ಅರಿಯಾಕೆಯಲ್ಲಿ ಮೊದಲ ಪ್ರದರ್ಶನ ನಡೆಯಿತು.

ಹೀಗೆ ಹಡಗು ಹತ್ತಿದವರೆಲ್ಲ ಸಂಬಳಕ್ಕೆ ಅವರ ಮುಖ ನೋಡುವವರು. ಆರಂಭದ ವರ್ಷಗಳು ಚೆನ್ನಾಗಿಯೇ ಇದ್ದವು, 2004 ಮತ್ತು 2005ರಲ್ಲಿ ಟೋಕಿಯೊ ಡೋಮ್‌ನಲ್ಲೇ ಪ್ರದರ್ಶನ ಕೊಟ್ಟರು. 2005ರ ಜುಲೈ 18ರಂದು ಅಲ್ಲಿ ಕವಾಡಾ ಮತ್ತೆ ಎದುರು ನಿಂತರು, ಮಿಸಾವಾ ಗೆದ್ದರು. ಮರುವರ್ಷ ಕೊಬಾಶಿಗೆ ಮೂತ್ರಪಿಂಡದ ಕ್ಯಾನ್ಸರ್ ಬಂದು ಅವರು ರಿಂಗಿನಿಂದ ದೂರವಾದರು. ಕಿರಿಯರಿಗೆ ಪಟ್ಟ ಕಟ್ಟಿ ನೋಡಿದ್ದರು, ಜನ ಅಷ್ಟಾಗಿ ಬರಲಿಲ್ಲ. 2006ರ ಡಿಸೆಂಬರ್‌ನಲ್ಲಿ, 44ರ ವಯಸ್ಸಿನಲ್ಲಿ, ಸಂಸ್ಥೆಯ ಕಿರೀಟವನ್ನು ಮತ್ತೆ ತಮ್ಮ ಸೊಂಟಕ್ಕೆ ಕಟ್ಟಿಕೊಂಡು 2008ರ ಮಾರ್ಚ್‌ವರೆಗೆ ಹೊತ್ತರು. ಕೆಲವರು ಇದನ್ನು ಅಧ್ಯಕ್ಷರ ಸ್ವಾರ್ಥ ಎಂದರು. ನಾನು ಹಾಗೆ ನೋಡುವುದಿಲ್ಲ. ಸಣ್ಣ ಊರುಗಳ ಗೋಡೆಗೆ ಅಂಟಿಸುವ ಭಿತ್ತಿಚಿತ್ರದಲ್ಲಿ ಅವರ ಮುಖ ಇಲ್ಲದಿದ್ದರೆ ಟಿಕೆಟ್ ಹೋಗುತ್ತಿರಲಿಲ್ಲ. 2009ರ ಮಾರ್ಚ್‌ನಲ್ಲಿ ನಿಪ್ಪೋನ್ ಟೆಲಿವಿಷನ್ ನೋವಾದ ಪ್ರಸಾರ ನಿಲ್ಲಿಸಿದಾಗ ಆದಾಯದ ದೊಡ್ಡ ಕಂಬವೇ ಕುಸಿಯಿತು. ಹಿರೋಶಿಮಾದ ರಾತ್ರಿ ಬಂದದ್ದು ಅದಾಗಿ ಮೂರೇ ತಿಂಗಳಿಗೆ.

ಅಂದು ಅವರು ತರುಣ ಗೊ ಶಿಯೊಜಾಕಿಯ ಜೊತೆಗೂಡಿ, ಅಕಿತೊಶಿ ಸೈತೊ ಮತ್ತು ಬೈಸನ್ ಸ್ಮಿತ್ ವಿರುದ್ಧ ಆಡಿದರು. ಸೈತೊ ಹಾಕಿದ್ದು ಬ್ಯಾಕ್‌ಡ್ರಾಪ್, ಅಂದರೆ ಹಿಂದಿನಿಂದ ಸೊಂಟ ಹಿಡಿದೆತ್ತಿ ಹಿಂಬದಿಗೆ ಕೆಡವುವ ಸಾಮಾನ್ಯ ಪಟ್ಟು. ಮಿಸಾವಾ ತಮ್ಮ 28 ವರ್ಷದ ವೃತ್ತಿಯಲ್ಲಿ ಅದನ್ನು ಎಷ್ಟು ಸಲ ತಿಂದಿರಬಹುದೋ ಲೆಕ್ಕವಿಲ್ಲ. ಆ ಸಲ ಏಳಲಿಲ್ಲ. ರಿಂಗಿನಲ್ಲೇ ಹೃದಯಕ್ಕೆ ಯಂತ್ರದ ಆಘಾತ ಕೊಟ್ಟು ನೋಡಿದರು, ಆಸ್ಪತ್ರೆಗೆ ಒಯ್ದರು. ಕತ್ತಿನ ಭಾಗದ ಬೆನ್ನುಹುರಿಗೆ ಆದ ಗಾಯ ಸಾವಿಗೆ ಕಾರಣವೆಂದು ಪೊಲೀಸರು ತಿಳಿಸಿದರು. 47 ತುಂಬಲು ಐದು ದಿನ ಬಾಕಿಯಿತ್ತು.

ಗರಡಿಮನೆ ಅವರ ಮಾತಿನಲ್ಲೇ ಮೂರನೆಯ ಪ್ರಶ್ನೆಗೂ ಉತ್ತರವಿದೆ. ಆ ಕತ್ತು ಸವೆದದ್ದು ಹಲವು ವರ್ಷಗಳಲ್ಲಿ, ಹಲವರ ಕೈಯಲ್ಲಿ. ಸೈತೊ ಪಾಲಿಗೆ ಬಂದದ್ದು ಕೊನೆಯ ಸರದಿ ಮಾತ್ರ. ಅವರು ಕುಸ್ತಿ ಬಿಡಲಿಲ್ಲ. ಆ ಭಾರವನ್ನು ಹೊತ್ತುಕೊಂಡೇ ಆಡಿ 2024ರಲ್ಲಿ ನಿವೃತ್ತರಾದರು.

ತುಂಗಾತೀರ

ಮೂವರಿಗೂ ಧನ್ಯವಾದಗಳು. ಒಂದು ಸಂದೇಹ ಉಳಿಯಿತು. ಮಿಸಾವಾ ಸ್ವತಃ ಅಧ್ಯಕ್ಷರಾದ ಮೇಲಾದರೂ ಆ ಅಪಾಯದ ಪಟ್ಟುಗಳನ್ನು ನಿಲ್ಲಿಸಬಹುದಿತ್ತಲ್ಲವೇ? ಇನ್ನೊಂದು, ಹೊಸಬನಾದ ನಾನು ಇನ್ನು ಯಾವ ಪಂದ್ಯ ನೋಡಬೇಕು?

ಹಸಿರುಪಟ್ಟಿ

ನಿಲ್ಲಿಸಬಹುದಿತ್ತು. ನಿಲ್ಲಿಸಲಿಲ್ಲ. ಗರಡಿಮನೆ ಅವರು ಹೇಳಿದ ಲೆಕ್ಕ ತಪ್ಪೆಂದು ವಾದಿಸಲು ನನ್ನಲ್ಲಿ ಏನೂ ಇಲ್ಲ. ಇತರರಿಗೆ ಹಾಕಿದ್ದಕ್ಕಿಂತ ಹೆಚ್ಚು ತಾವು ತಿಂದರು ಎಂದಷ್ಟೇ ಹೇಳಬಲ್ಲೆ, ಅದು ಸಮರ್ಥನೆಯಾಗದು. 1995ರ ಪಂದ್ಯದಲ್ಲಿ ಎದುರಾಳಿಗಳು ಮತ್ತೆ ಮತ್ತೆ ಅವರ ಕಣ್ಣಿನ ಸುತ್ತ ಹೊಡೆಯುವುದನ್ನು ನೀವು ಗಮನಿಸಿರಬಹುದು. ಆ ಏಪ್ರಿಲ್‌ನಲ್ಲಿ ಕವಾಡಾ ಒದ್ದ ಏಟಿಗೆ ಕಣ್ಣಿನ ಸುತ್ತಲಿನ ಮೂಳೆ ನಿಜವಾಗಿಯೂ ಮುರಿದಿತ್ತು. ಅದರಲ್ಲೇ ಅವರು ಆ ವರ್ಷದ ಚಾಂಪಿಯನ್ ಕಾರ್ನಿವಲ್ ಎಂಬ ಸಂಸ್ಥೆಯ ವಾರ್ಷಿಕ ಪಂದ್ಯಾವಳಿ ಗೆದ್ದರು. ನಿಜದ ಗಾಯವನ್ನೇ ಕತೆಗೆ ಸೇರಿಸಿಕೊಂಡಾಗ ಎಲ್ಲಿ ನಾಟಕ ಮುಗಿಯಿತು ಎಂದು ಗೆರೆ ಎಳೆಯುವುದು ನನಗಂತೂ ಆಗದ ಕೆಲಸ.

ನೋಡುವ ಕ್ರಮ ಹೀಗಿರಲಿ. ಮೊದಲು 1990ರ ಜೂನ್ 8, ತ್ಸುರುತಾ ಜೊತೆ. ಎಸೆತಗಳಿಗಿಂತ ಜನರ ಧ್ವನಿ ಎಲ್ಲೆಲ್ಲಿ ಬದಲಾಗುತ್ತದೆ ಎಂಬುದನ್ನು ಆಲಿಸಿ. ಆಮೇಲೆ 1994ರ ಜೂನ್ 3, ಕವಾಡಾ ಜೊತೆ. ಅದನ್ನು ನೋಡುವಾಗ ಇಬ್ಬರೂ ಒಂದೇ ಶಾಲೆಯ ಹುಡುಗರು, ಒಬ್ಬ ಇನ್ನೊಬ್ಬನ ಮುಖವಾಡದ ದಾರ ಬಿಚ್ಚಿದವನು ಎಂಬುದು ನೆನಪಿರಲಿ. 2003ರದನ್ನು ಕೊನೆಗಿಡಿ, ಗರಡಿಮನೆ ಅವರ ಹಾಗೆ ನಡುವೆ ಎದ್ದುಹೋಗಬೇಕೆನಿಸಿದರೆ ಎದ್ದುಹೋಗಿ. ಹಿರೋಶಿಮಾದ ದೃಶ್ಯವನ್ನು ಮಾತ್ರ ಹುಡುಕಬೇಡಿ.